ನೀನು ಎನ್ನಲು ಬಾರದ ಜರ್ಮನ್ ಮೇಡಂ

ಅಮೆರಿಕದ ನಮ್ಮ ರೆಡ್ಮಂಡಿನಲ್ಲಿ ಭಾನುವಾರದ ದಿನ ಮಕ್ಕಳಿಗೆ ಕನ್ನಡ ಕಲಿಸುವ ನಾಲ್ಕೈದು ಹುಡುಗಿಯರು ಕಳೆದ ತಿಂಗಳು ನಮ್ಮ ಮನೆಗೆ ಬಂದಿದ್ದರು. ಎಲ್ಲರೂ ಸಾಫ್ಟ್‌ವೇರಿನವರು. ವಾರವೆಲ್ಲ ಕಂಪ್ಯೂಟರಿಗೆ ಬುದ್ಧಿ ಹೇಳಿ ಗೆದ್ದವರು, ಭಾನುವಾರ ಮಕ್ಕಳಿಗೆ ಬುದ್ಧಿ ಹೇಳಲು ಹೋಗಿ ಸೋತವರು. "ಆಂಟಿ, ಇಷ್ಟು ವರ್ಷ ಹೈಸ್ಕೂಲಲ್ಲಿ ಲ್ಯಾಂಗ್ವೇಜ್ ಟೀಚ್ ಮಾಡಿದೀರ. ನಿಮ್ಮ ಮೆಥಡ್ ಏನು ಅಂತ ಸ್ವಲ್ಪ ಬರೆದು ಕೊಡಿ" ಎಂದರು. ಮೆಥಡ್ ಎಂದು ನನ್ನ ಬಳಿ ಇದ್ದದ್ದು ಒಂದು ಗಟ್ಟಿ ಗಂಟಲು, ಸ್ವಲ್ಪ ಹಟ. ಆದರೂ ಕೇಳಿದವರಿಗೆ ಇಲ್ಲ ಎನ್ನಬಾರದೆಂದು ಬರೆಯಲು ಕೂತಿದ್ದೇನೆ.

ನಾನು ಕಲಿಸಿದ್ದು ಜರ್ಮನ್. ಹುಟ್ಟಿದ್ದು ಧಾರವಾಡದಲ್ಲಿ. ಅಪ್ಪ ಕೆಲಸ ಮಾಡುತ್ತಿದ್ದ ಕಾರ್ಖಾನೆಗೆ ಜರ್ಮನಿಯಿಂದ ಯಂತ್ರಗಳು ಬಂದಿದ್ದವು. ಅವುಗಳ ಜೊತೆ ಬಂದ ಪುಸ್ತಕಗಳನ್ನು ಓದುವವರು ಯಾರೂ ಇರಲಿಲ್ಲ. ಮಗಳು ಕಲಿತರೆ ಊರಿಗೇ ಉಪಕಾರವಾದೀತು ಎಂದು ಅಪ್ಪ ನನ್ನನ್ನು ಪುಣೆಗೆ ಕಳಿಸಿದರು. ನಾನು ಕಲಿತು ಬರುವಷ್ಟರಲ್ಲಿ ಯಂತ್ರಗಳೇ ಗುಜರಿಗೆ ಹೋಗಿದ್ದವು. ಮದುವೆಯಾಗಿ ಇಲ್ಲಿಗೆ ಬಂದು, ಮತ್ತೆ ಪರೀಕ್ಷೆಗಳನ್ನು ಬರೆದು, ಎಜುಕೇಶನ್ ಹಿಲ್‌ನ ನಮ್ಮ ಮನೆಯಿಂದ ಸ್ವಲ್ಪ ದೂರದ ಒಂದು ಹೈಸ್ಕೂಲಿನಲ್ಲಿ ಜರ್ಮನ್ ಟೀಚರಾದೆ. ಸುದ್ದಿ ತಿಳಿದ ನನ್ನ ಅಣ್ಣ ಫೋನಿನಲ್ಲಿ ಬಿದ್ದು ಬಿದ್ದು ನಕ್ಕ. "ಧಾರವಾಡದಾಕಿ ಅಮೆರಿಕಾಕ್ಕ ಹೋಗಿ ಜರ್ಮನ್ ಕಲಸ್ತಾಳಂದ್ರ, ಮೈಸೂರಿಗೆ ಹೋಗಾಂವ ಬೆಳಗಾವಿ ಬಸ್ ಹತ್ತಿದಂಗಾತು" ಎಂದ. ಬಸ್ಸು ಯಾವುದಾದರೇನು, ನನಗೆ ಕಿಟಕಿ ಪಕ್ಕದ ಸೀಟು ಸಿಕ್ಕಿತ್ತು.

ಮೊದಲ ದಿನವೇ ಮಕ್ಕಳು ನನ್ನನ್ನು "ಫ್ರೌ" ಎಂದು ಕೂಗಿದರು. ಫ್ರೌ ಎಂದರೆ ಶ್ರೀಮತಿ. ಮುಂದೆ ದೇಸಾಯಿ ಎಂದು ಸೇರಿಸಬೇಕು. ಇಲ್ಲಿನ ಮಕ್ಕಳಿಗೆ ಅಷ್ಟು ಪುರಸೊತ್ತಿಲ್ಲ. "ಫ್ರೌ, ಬಾತ್‌ರೂಮಿಗೆ ಹೋಗ್ಲಾ?" "ಫ್ರೌ, ಹೋಂವರ್ಕ್ ನಾಳೆ ಕೊಡ್ಲಾ?" ಜರ್ಮನಿಯಲ್ಲಿ ಹಾಗೆ ಬರೀ ಫ್ರೌ ಎಂದು ಕೂಗಿದರೆ "ಏ ಹೆಂಗಸೇ" ಎಂದ ಹಾಗೆ. ಮೊದಮೊದಲು ತಿದ್ದಿದೆ. ಆಮೇಲೆ ಅದೇ ನನ್ನ ಹೆಸರಾಯಿತು. ಹಬ್ಬಕ್ಕೆ ಮನೆಗೆ ಬರುವ ಕನ್ನಡದ ಮಕ್ಕಳು ಕೂಡ ಶಾಲೆಯಲ್ಲಿ ಫ್ರೌ, ಹಬ್ಬದಲ್ಲಿ ಆಂಟಿ ಎಂದು ಎರಡು ಖಾತೆ ಇಟ್ಟುಕೊಂಡರು.

ಹೊಸದಾಗಿ ಪಾಠ ಮಾಡುವವರಿಗೆ ಒಂದು ಮಾತು. ಮಕ್ಕಳಿಗೆ ವ್ಯಾಕರಣ ಕಷ್ಟವಲ್ಲ, ಮರ್ಯಾದೆ ಕಷ್ಟ. ಜರ್ಮನ್‌ನಲ್ಲಿ ನಮ್ಮ ಹಾಗೆಯೇ ನೀನು, ನೀವು ಎಂದು ಎರಡಿವೆ. ನೀನು ಎನ್ನುವುದಕ್ಕೆ 'ಡೂ', ನೀವು ಎನ್ನುವುದಕ್ಕೆ 'ಜೀ'. ಇಂಗ್ಲಿಷಿನಲ್ಲಿ ದೇವರಿಗೂ ನಾಯಿಗೂ ಒಂದೇ ಮಾತು ಸಾಕಾಗುವುದರಿಂದ ಅಮೆರಿಕದ ಮಕ್ಕಳಿಗೆ ಇದು ತಲೆಗೇ ಹೋಗದು. ನಮ್ಮ ಮಕ್ಕಳಿಗೆ ಮಾತ್ರ ನಾನು ಸುಲಭದ ದಾರಿ ಹೇಳಿಕೊಟ್ಟೆ. "ಜೀ ಅಂದ್ರೆ ಹಿಂದಿಯ ಜೀ ಇದ್ದ ಹಾಗೆ, ಗೌರವ. ಅಪ್ಪನಿಗೆ ನೀವು ಅಂತೀರಲ್ಲ, ಅಲ್ಲೆಲ್ಲ ಜೀ." ಇದು ಚೆನ್ನಾಗಿ ಕೆಲಸ ಮಾಡಿತು. ಒಬ್ಬ ಹುಡುಗ ಪರೀಕ್ಷೆಯಲ್ಲಿ ಜರ್ಮನಿಯ ಮೇಯರ್‌ಗೆ ಪತ್ರ ಬರೆಯುವಾಗ ಹೆಸರಿನ ಮುಂದೆಯೂ 'ಜೀ' ಸೇರಿಸಿ ಮೇಯರನ್ನು ಗಾಂಧೀಜಿಯ ಸಾಲಿಗೆ ಕೂರಿಸಿದ. ನಕ್ಕು ನಕ್ಕು ಅವನಿಗೆ ಅರ್ಧ ಅಂಕ ಹೆಚ್ಚೇ ಕೊಟ್ಟೆ.

ನಾನು ಸೇರಿದಾಗ ಟೇಪ್ ರೆಕಾರ್ಡರು. ಒತ್ತಿದರೆ ಒಬ್ಬ ಗಂಡಸು ರೈಲು ಎಷ್ಟು ಗಂಟೆಗೆ ಎಂದು ಕೇಳುತ್ತಿದ್ದ, ವರ್ಷಗಟ್ಟಲೆ ಅವನಿಗೆ ರೈಲು ಸಿಗಲೇ ಇಲ್ಲ. ಆಮೇಲೆ ಸಿಡಿ, ಆಮೇಲೆ ಲ್ಯಾಪ್‌ಟಾಪು, ಕೊನೆಗೆ ಫೋನಿನ ಆಪು. ಈ ಆಪು ಎಲ್ಲರಿಗೂ ಡೂ ಎನ್ನುತ್ತದೆ. ಅದರಲ್ಲಿ ಕಲಿತು ಬಂದ ಮಕ್ಕಳು ಪೊಲೀಸನಿಗೂ ಡೂ, ಡಾಕ್ಟರಿಗೂ ಡೂ. ನನಗೆ ಅದನ್ನು ಕೇಳಿದಾಗಲೆಲ್ಲ ಅಕ್ಕಿಯಲ್ಲಿ ಕಲ್ಲು ಸಿಕ್ಕ ಹಾಗಾಗುತ್ತಿತ್ತು.

ನಮ್ಮ ಪ್ರಿನ್ಸಿಪಾಲರ ಹೆಸರು ಜಾನೆಟ್. ಒಳ್ಳೆಯ ಹೆಂಗಸು. ಬಾಗಿಲು ಯಾವಾಗಲೂ ತೆರೆದೇ ಇರುತ್ತಿತ್ತು. "ಕಾಲ್ ಮಿ ಜಾನೆಟ್" ಎಂದು ಪ್ರತಿ ವರ್ಷವೂ ನನಗೆ ಹೇಳುತ್ತಿದ್ದರು. ಪ್ರತಿ ವರ್ಷವೂ ನಾನು ಮೇಡಂ ಎನ್ನುತ್ತಿದ್ದೆ. ಒಂದು ದಿನ ಅವರು ನನ್ನನ್ನು ಕರೆದು ಕೂರಿಸಿ, ಚಹಾ ಕೊಟ್ಟು, ಮೆಲ್ಲಗೆ ಹೇಳಿದರು. ಜರ್ಮನ್‌ಗೆ ಸೇರುವ ಮಕ್ಕಳು ಕಡಿಮೆಯಾಗುತ್ತಿದ್ದಾರೆ. ಕೋಡಿಂಗ್ ಕ್ಲಾಸಿಗೆ ಜಾಗ ಸಾಲುತ್ತಿಲ್ಲ. ವಸಂತದಲ್ಲಿ ನಿಮ್ಮ ತರಗತಿಗೆ ಬಂದು ಕೂರುತ್ತೇನೆ. ಹೊಸ ಮಕ್ಕಳನ್ನು ತೆಗೆದುಕೊಳ್ಳುವುದೋ ಬೇಡವೋ ಆಮೇಲೆ ನಿರ್ಧಾರ. ನಾನು ಚಹಾ ಅಲ್ಲಿಯೇ ಬಿಟ್ಟು ಬಂದೆ.

ಆ ವರ್ಷ ನನಗಿದ್ದ ಚಿಂತೆ ಅದೊಂದೇ. ತರಗತಿ ಉಳಿಯಬೇಕು. ಊಟ ಮಾಡುವಾಗಲೂ ಅದೇ ಮಾತು. ನಮ್ಮ ಮನೆಯವರು ಹತ್ತಿರದ ಊರಾದ ಎವರೆಟ್‌ನಲ್ಲಿ ವಿಮಾನ ಕಟ್ಟುವ ಕಾರ್ಖಾನೆಯಲ್ಲಿ ಇಂಜಿನಿಯರ್. ಕೇಳಿ ಕೇಳಿ ಸಾಕಾಗಿ ಒಂದು ಭಾನುವಾರ ತಮ್ಮ ಹಳೆಯ ಸಹೋದ್ಯೋಗಿಯೊಬ್ಬರನ್ನು ಊಟಕ್ಕೆ ಕರೆತಂದರು. "ಇವರು ರಿಟೈರ್ ಆಗ್ಯಾರ. ಮೂಲ ಜರ್ಮನ್ನರು. ನಿನ್ನ ಹುಡುಗರ ಮುಂದ ಕೂಡಸು, ಏನರ ಮಾತಾಡ್ತಾರ" ಎಂದರು. ಹೀಗೆ ನಮ್ಮ ಮನೆಗೆ ಬಂದವರು ಹೆರ್ ಕ್ರಾಮರ್, ಹೆರ್ ಎಂದರೆ ಶ್ರೀಯುತ. ಎಂಬತ್ತರ ಹತ್ತಿರದ ವಯಸ್ಸು, ಉದ್ದನೆಯ ದೇಹ, ತಲೆಯ ಮೇಲೆ ಬಟ್ಟೆಯ ಟೋಪಿ. ಜೋಳದ ರೊಟ್ಟಿಯನ್ನು ತಿರುಗಿಸಿ ತಿರುಗಿಸಿ ನೋಡಿ, ಯಾವ ಲೋಹ ಎಂದು ಕೇಳುವವರ ಹಾಗೆ ತಟ್ಟಿ, ಆಮೇಲೆ ಮೂರು ತಿಂದರು.

ಬುಧವಾರ ಬುಧವಾರ ಅವರು ನಮ್ಮ ಶಾಲೆಗೆ ಬರತೊಡಗಿದರು. ಮೊದಲ ಬುಧವಾರ ಮಕ್ಕಳು ನನ್ನನ್ನು ಫ್ರೌ ಎಂದು ಕೂಗಿದ್ದು ಕೇಳಿ ಅವರಿಗೆ ಕೆಮ್ಮು ಬಂತು. ಮಕ್ಕಳಿಗೆ ಅವರು ಹೇಳಿದ್ದು ಕೋಟೆಯ ಕಥೆಯಲ್ಲ, ಯುದ್ಧದ ಕಥೆಯೂ ಅಲ್ಲ. ಯುದ್ಧ ಮುಗಿದ ಮೇಲೆ ತಾವು ಓದಿದ ಹೈಸ್ಕೂಲಿನ ಕಥೆ.

ಊರಿನಲ್ಲಿ ನಿಂತು ಉಳಿದಿದ್ದ ಶಾಲೆ ಒಂದೇ. ಒಂದು ವಾರ ಹುಡುಗರಿಗೆ ಬೆಳಿಗ್ಗೆ, ಹುಡುಗಿಯರಿಗೆ ಮಧ್ಯಾಹ್ನ, ಮುಂದಿನ ವಾರ ಅದಲುಬದಲು. ಚಳಿಗಾಲದಲ್ಲಿ ಪ್ರತಿಯೊಬ್ಬನೂ ಒಲೆಗೆ ಒಂದು ಕಲ್ಲಿದ್ದಲ ಇಟ್ಟಿಗೆಯನ್ನೋ ಸೌದೆಯ ತುಂಡನ್ನೋ ತರಬೇಕು. ತರದವನು ಒಲೆಯಿಂದ ದೂರ ಕೂರಬೇಕು. ದೌತಿಯಲ್ಲಿ ಮಸಿ ಹೆಪ್ಪುಗಟ್ಟಿದರೆ ಉಸಿರು ಬಿಟ್ಟು ಕರಗಿಸಬೇಕು. ಮಧ್ಯಾಹ್ನ ಹೊರದೇಶದಿಂದ ಬಂದ ಹಿಟ್ಟಿನ ಗಂಜಿ. ಅದಕ್ಕಾಗಿ ಎಲ್ಲರ ಚೀಲಕ್ಕೂ ಒಂದು ತಗಡಿನ ಡಬ್ಬಿ, ಒಂದು ಚಮಚ ಕಟ್ಟಿರುತ್ತಿತ್ತು. ನಾವು ನಡೆದು ಬರುವ ಸದ್ದು ಬೀದಿಯ ತುದಿಗೇ ಕೇಳುತ್ತಿತ್ತು, ಗಂಟೆ ಕಟ್ಟಿದ ದನಗಳ ಹಾಗೆ ಎಂದರು ಕ್ರಾಮರ್. ಇತಿಹಾಸದ ಪಾಠವೇ ಇರಲಿಲ್ಲ. ಹಳೆಯ ಪುಸ್ತಕ ಬೇಡವಾಗಿತ್ತು, ಹೊಸದು ಬಂದಿರಲಿಲ್ಲ. ಒಬ್ಬ ಹುಡುಗ ಕೈಯೆತ್ತಿ, "ಹಿಸ್ಟರಿ ಟೆಸ್ಟೂ ಇರ್ಲಿಲ್ವಾ?" ಎಂದು ಕೇಳಿದ. ಇರಲಿಲ್ಲ ಎಂದರು. ಇಡೀ ತರಗತಿ ಹೊಟ್ಟೆಕಿಚ್ಚಿನಿಂದ ನಿಟ್ಟುಸಿರು ಬಿಟ್ಟಿತು. ಅಜ್ಜಿಗೆ ಅರಿವೆ ಚಿಂತೆ, ಮೊಮ್ಮಗಳಿಗೆ ಕಜ್ಜಾಯದ ಚಿಂತೆ.

ಅವರ ಕಥೆಗಳಲ್ಲಿ ನನಗೆ ಹೆಚ್ಚು ಹಿಡಿಸಿದ್ದು ಲ್ಯಾಟಿನ್ ಮೇಷ್ಟರದು. ನಿವೃತ್ತಿಯಿಂದ ಮತ್ತೆ ಕರೆತಂದ ಮುದುಕ. ಪ್ರಾಯದ ಮೇಷ್ಟರುಗಳಲ್ಲಿ ಹಲವರು ಸತ್ತಿದ್ದರು, ಕೆಲವರು ಸೆರೆಯಲ್ಲಿದ್ದರು. ಈಸ್ಟರ್ ರಜೆ ಕಳೆದು ಮೇಲಿನ ತರಗತಿಗೆ ಹೋದ ಮೊದಲ ಬೆಳಿಗ್ಗೆ ಮುದುಕ ಒಳಗೆ ಬಂದು, ಯಾವಾಗಿನಂತೆ ಕೂತ್ಕೊಳ್ರೋ ಎನ್ನದೆ, 'ಜೀ' ಹಾಕಿ, ದಯವಿಟ್ಟು ಕುಳಿತುಕೊಳ್ಳಿ ಎಂದರಂತೆ. "ನಾವೆಲ್ಲ ಹಿಂದೆ ತಿರುಗಿ ನೋಡಿದೆವು. ಯಾರೋ ದೊಡ್ಡವರು ಬಂದಿರಬೇಕು ಅಂತ" ಎಂದರು ಕ್ರಾಮರ್. ಆ ದೇಶದಲ್ಲಿ ಅದು ಪದ್ಧತಿ. ಹದಿನಾರು ದಾಟಿದ ವಿದ್ಯಾರ್ಥಿಗೆ ಮೇಷ್ಟರು ನೀವು ಎನ್ನುತ್ತಾರೆ. ಆದರೆ ಹುಟ್ಟಿದಾಗಿನಿಂದ ಸಾಲಿನಲ್ಲಿ ನಿಲ್ಲು, ಓಡು, ಬಾಯಿ ಮುಚ್ಚು ಎನ್ನುವುದನ್ನಷ್ಟೇ ಕೇಳಿದ್ದ ಹುಡುಗರು ಅವರು. ಆ ದಿನ ಯಾರೂ ಗಲಾಟೆ ಮಾಡಲಿಲ್ಲವಂತೆ.

ನನಗೂ ಧಾರವಾಡದ ಕಾಲೇಜಿನ ಮೊದಲ ದಿನ ನೆನಪಾಯಿತು. ಎರಡು ಜಡೆಯ ನಮ್ಮಂಥವರಿಗೆ ಸಂಸ್ಕೃತದ ಮಾಸ್ತರರು "ಕೂಡ್ರಿ" ಎಂದಿದ್ದರು. ಆ ಒಂದು 'ರಿ'ಗೆ ನಾನು ಇಡೀ ವರ್ಷ ಪಾಠ ತಪ್ಪಿಸಲಿಲ್ಲ. ಮರುದಿನವೇ ನನ್ನ ನಾಲ್ಕನೇ ವರ್ಷದ ಮಕ್ಕಳಿಗೆ ಜೀ ಹಾಕಿ ಮಾತಾಡಲು ಶುರು ಮಾಡಿದೆ. ಕಿಸಕ್ಕನೆ ನಕ್ಕರು. ಆಮೇಲೆ ನೋಡಿದರೆ ಬೆಂಚಿನ ಮೇಲೆ ಕಾಲು ಹಾಕಿದ್ದವನು ಇಳಿಸಿದ್ದ. ಕನ್ನಡ ಕಲಿಸುವ ಹುಡುಗಿಯರೇ, ಇದನ್ನು ಬೇಕಾದರೆ ಮೆಥಡ್ ಎಂದು ಬರೆದುಕೊಳ್ಳಿ.

ಈಗ ಅನಘಾಳ ವಿಷಯ. ಎಜುಕೇಶನ್ ಹಿಲ್‌ನ ನಮ್ಮದೇ ಬೀದಿಯ ಹುಡುಗಿ. ಅಪ್ಪ ಅಮ್ಮ ಹುಬ್ಬಳ್ಳಿಯವರು, ಅಜ್ಜಿ ಜೊತೆಗೇ ಇದ್ದರು. ಕನ್ನಡ ಪೂರ್ತಿ ಅರ್ಥವಾಗುತ್ತಿತ್ತು, ಉತ್ತರ ಮಾತ್ರ ಅರ್ಧ ಇಂಗ್ಲಿಷಿನಲ್ಲಿ. ಮೊದಲ ವರ್ಷದ ತರಗತಿಯಲ್ಲಿ ಜರ್ಮನ್ ಅವಳಷ್ಟು ಚೆನ್ನಾಗಿ ಮಾತಾಡುವವರು ಬೇರೆ ಇರಲಿಲ್ಲ.

ಒಂದು ಬುಧವಾರ ಕ್ರಾಮರ್ ಹೊಸದೊಂದು ಸಂಗತಿ ಹೇಳಿದರು. ಶಾಲೆಯ ಮೊದಲ ದಿನ ಮೇಷ್ಟರು ಹಾಜರಿ ತೆಗೆದುಕೊಳ್ಳುತ್ತ ಪ್ರತಿ ಹುಡುಗನಿಗೂ ತಂದೆಯ ಕೆಲಸ ಏನು ಎಂದು ಕೇಳಿದರು. ಬಡಗಿ ಎಂದ ಒಬ್ಬ. ಸತ್ತಿದ್ದಾರೆ ಎಂದ ಇನ್ನೊಬ್ಬ. ತಮ್ಮ ಸರದಿ ಬಂದಾಗ ಕ್ರಾಮರ್ ಎದ್ದು ನಿಂತು, "ಕಾಣೆಯಾಗಿದ್ದಾರೆ" ಎಂದರು. ಮೇಷ್ಟರು ಮುಂದಿನ ಹೆಸರು ಕರೆದರು.

ಅನಘಾ ಸಣ್ಣ ದನಿಯಲ್ಲಿ, ಜರ್ಮನ್‌ನಲ್ಲಿ, "ನೀನು ಆಗ ಅತ್ತಿದ್ದೆಯಾ?" ಎಂದು ಕೇಳಿದಳು. ಡೂ ಎಂದಿದ್ದಳು. ಎಂಬತ್ತರ ಹತ್ತಿರದ ಅತಿಥಿಗೆ, ತುಂಬಿದ ತರಗತಿಯಲ್ಲಿ ಡೂ. ನನಗೆ ನೆಲ ಬಾಯಿ ಬಿಡಬಾರದೇ ಅನ್ನಿಸಿತು. ಕ್ರಾಮರ್ ಅವಳನ್ನೇ ನೋಡಿದರು. "ಇಲ್ಲ. ಆಗ ಅಳಲಿಲ್ಲ" ಎಂದು ಜರ್ಮನ್‌ನಲ್ಲೇ ಹೇಳಿದರು. ಕನ್ನಡಕ ತೆಗೆದು ಒರೆಸಿಕೊಂಡರು. ಇನ್ನೂ ಗಂಟೆ ಹೊಡೆದಿರಲಿಲ್ಲ, ಟೋಪಿ ಎತ್ತಿಕೊಂಡು ನನಗೆ ತಲೆಬಾಗಿಸಿ ಹೊರಟೇಹೋದರು.

ಎಲ್ಲರೂ ಹೋದ ಮೇಲೆ ಅನಘಾಳನ್ನು ನಿಲ್ಲಿಸಿಕೊಂಡೆ. "ಜೀ ಅನ್ನಬೇಕು ಅಂತ ನಿಂಗೆ ಗೊತ್ತಿರ್ಲಿಲ್ವಾ?"

"ಬಟ್ ಆಂಟಿ," ಎಂದಳು, ಫ್ರೌ ಎನ್ನುವುದನ್ನೂ ಮರೆತು, "ಅಪ್ಪಂಗೆ ನೀವು ಅಂತೀನಿ. ಅಜ್ಜಿಗೆ ನೀನು ಅಂತೀನಿ. ಹೀ ಈಸ್ ಲೈಕ್ ಅಜ್ಜಿ."

ನಾನೇ ಕೊಟ್ಟ ದಾರಿಯಲ್ಲಿ ನೇರವಾಗಿ ನಡೆದು ಹೋಗಿ ಅವಳು ಅಲ್ಲಿಗೆ ತಲುಪಿದ್ದಳು. ಸಂಜೆ ಅವಳ ಅಜ್ಜಿ ಸಿಕ್ಕಾಗ ನಡೆದದ್ದನ್ನು ಹೇಳಿದೆ. "ನೀ ಅನ್ನೂದರಾಗ ಏನ್ ತಪ್ಪದರಿ?" ಎಂದರು ಅಜ್ಜಿ. "ನೀವು ಅಂದ್ರ ನಾ ಯಾರೋ ಬ್ಯಾಂಕ್ ಮ್ಯಾನೇಜರ್ ಆಗಿಬಿಡ್ತೀನಿ." ಅಜ್ಜಿ ಹೇಳಿದ್ದು ಸರಿ. ಆದರೆ ಜರ್ಮನ್ನರ ಲೆಕ್ಕ ಬೇರೆ. ಅಲ್ಲಿ ಹಿರಿಯರು ತಾವಾಗಿ ಕೈ ಚಾಚಿ, ಇನ್ನು ಮೇಲೆ ಡೂ ಅನ್ನು ಎಂದು ಕೊಡುವ ತನಕ ಕಿರಿಯರು ಅದನ್ನು ತೆಗೆದುಕೊಳ್ಳುವಂತಿಲ್ಲ. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು.

ಮುಂದಿನ ಬುಧವಾರವೇ ಜಾನೆಟ್ ಮೇಡಂ ತರಗತಿಗೆ ಬರುವವರಿದ್ದರು. ಕ್ರಾಮರ್ ಅವರಿಗೆ ಫೋನ್ ಮಾಡಿದರೆ ಎತ್ತಲಿಲ್ಲ. ಮತ್ತೆ ಮಾಡಿದೆ, ಎತ್ತಲಿಲ್ಲ. ತರಗತಿ ಹೋದರೆ ಹೋಗಲಿ, ಮನೆಗೆ ಬಂದು ರೊಟ್ಟಿ ತಿಂದ ಮನುಷ್ಯನಿಗೆ ನನ್ನಿಂದಾಗಿ ನೋವಾಯಿತಲ್ಲ ಎಂದು ರಾತ್ರಿ ನಿದ್ದೆ ಬರಲಿಲ್ಲ. ಶನಿವಾರ ನಮ್ಮ ಮನೆಯವರು, "ಫೋನ್ ಹಿಡಕೊಂಡು ಕೂಡೋದು ಸಾಕು. ನಡಿ, ಹೋಗಿ ಬರೋಣು" ಎಂದು ಕಾರು ತೆಗೆದರು.

ಎವರೆಟ್‌ನಲ್ಲಿ ನೀರಿನ ಕಡೆಗೆ ಮುಖ ಮಾಡಿದ ಸಣ್ಣ ಮನೆ. ಬಾಗಿಲು ತೆಗೆದ ಕ್ರಾಮರ್ ಅವರಿಗೇ ನಾಚಿಕೆಯಾದಂತಿತ್ತು. ನಾನು ಕ್ಷಮೆ ಕೇಳಲು ಬಾಯಿ ತೆರೆದರೆ ಕೈಯೆತ್ತಿ ತಡೆದರು. ಕಾಫಿ ಮಾಡಿ ತಂದು, ಎದುರು ಕೂತು, ನಿಧಾನವಾಗಿ ಹೇಳಿದರು. ಅವರ ಹೆಂಡತಿ ಅಮೆರಿಕದವರು, ಈಗಿಲ್ಲ. ಮಕ್ಕಳಿಗೆ ಜರ್ಮನ್ ಬರದು. ಜರ್ಮನಿಯ ಊರಿನಲ್ಲಿ ಒಬ್ಬ ಅಕ್ಕ ಇದ್ದರು. ಭಾನುವಾರ ಭಾನುವಾರ ಫೋನು ಮಾಡುತ್ತಿದ್ದರು. ಹಿಂದಿನ ವರ್ಷ ತೀರಿಕೊಂಡರು.

"ಅವಳ ನಂತರ ನನಗೆ ಡೂ ಅನ್ನುವವರು ಭೂಮಿಯ ಮೇಲೆ ಯಾರೂ ಉಳಿದಿರಲಿಲ್ಲ. ನನಗದು ಗೊತ್ತೇ ಆಗಿರಲಿಲ್ಲ, ಆ ಹುಡುಗಿ ಅನ್ನುವವರೆಗೆ" ಎಂದರು. ಆಮೇಲೆ, "ಮೂಗು ಸೋರುತ್ತ ಪಾಠ ಹೇಳಲಿಕ್ಕಾಗುತ್ತದೆಯೇ ಫ್ರೌ ದೇಸಾಯಿ? ಅದಕ್ಕೇ ಎದ್ದು ಬಂದೆ" ಎಂದು ನಕ್ಕರು.

ನಾನು ಅತ್ತುಬಿಟ್ಟೆ. ಭಾಷೆ ಸತ್ತರೆ ಹಾಡು ಹೋಗುತ್ತದೆ, ಗಾದೆ ಹೋಗುತ್ತದೆ ಎಂದು ನಾವು ಭಾಷಣ ಮಾಡುತ್ತೇವೆ. ಒಬ್ಬ ಮನುಷ್ಯನನ್ನು ಹತ್ತಿರದವರು ಕರೆಯುವ ರೀತಿಯೇ ಹೋಗಿಬಿಡುತ್ತದೆ ಎಂದು ನನಗೆ ಅಲ್ಲಿಯವರೆಗೆ ಹೊಳೆದಿರಲಿಲ್ಲ. ಬುಧವಾರದ ಆ ಒಂದು ಗಂಟೆ ನನಗೆ ನೌಕರಿ, ಅವರಿಗೆ ಉಳಿದ ಮನೆ. ತರಗತಿ ಮುಚ್ಚಿದರೆ ಅದೂ ಮುಚ್ಚುತ್ತದೆ.

ಬುಧವಾರ ಅವರು ಇಸ್ತ್ರಿ ಮಾಡಿದ ಅಂಗಿ ಹಾಕಿಕೊಂಡು ಬಂದರು. ಜಾನೆಟ್ ಮೇಡಂ ಹಿಂದಿನ ಬೆಂಚಿನಲ್ಲಿ ಕೂತಿದ್ದರು. ಕ್ರಾಮರ್ ಕಥೆ ಹೇಳಲಿಲ್ಲ. ಪದ್ಧತಿಯನ್ನು ವಿವರಿಸಿ, ಅನಘಾಳ ಮುಂದೆ ಹೋಗಿ ನಿಂತು, ಕೈ ಚಾಚಿ, "ನಾನು ಡೀಟರ್" ಎಂದರು. ಅವಳು ಎದ್ದು ನಿಂತು, "ನಾನು ಅನಘಾ" ಎಂದು ಕೈ ಕುಲುಕಿದಳು. ಆಮೇಲೆ ಪ್ರತಿ ಬೆಂಚಿಗೂ ಹೋದರು. ಕೊನೆಯ ಬೆಂಚಿನ ಜಾನೆಟ್ ಅವರಿಗೂ ಕೈ ಕೊಟ್ಟರು. ಎಲ್ಲರೂ ಡೀಟರ್ ಎನ್ನುವವರೇ, ಡೂ ಎನ್ನುವವರೇ, ತರಗತಿ ಸಂತೆಯಾಯಿತು.

ನನ್ನ ಮುಂದೆಯೂ ಬಂದು ನಿಂತರು. ನಾನು ಕೈ ಕುಲುಕಿ, ನನ್ನ ಹೆಸರು ವಿಜಯಾ ಎಂದೆ. ಮುಂದೆ ಒಂದು ಸಣ್ಣ ಶಬ್ದ ಹೇಳಬೇಕಿತ್ತು. ಬಾಯಿಯವರೆಗೆ ಬಂದದ್ದು ಜೀ ಆಗಿಯೇ ಹೊರಬಿತ್ತು. ಹಿರಿಯರಿಗೆ ನೀನು ಎಂದರೆ ನಾಲಿಗೆಗೆ ಬರೆ ಎಂದು ಹೆದರಿಸಿ ಬೆಳೆಸಿದ ಮನೆ ನನ್ನದು. ಕಟ್ಟಿಕೊಂಡ ಗಂಡನಿಗೇ ಇವತ್ತಿನವರೆಗೆ ರೀ ಎನ್ನುತ್ತೇನೆ. ಮಕ್ಕಳು ಹೋ ಎಂದು ನಕ್ಕರು. "ಫ್ರೌ ದೇಸಾಯಿ ನನಗಿಂತ ಹೆಚ್ಚು ಜರ್ಮನ್" ಎಂದರು ಕ್ರಾಮರ್. ಅಂದಿನಿಂದ ಅದು ತರಗತಿಯ ತಮಾಷೆಯಾಯಿತು. ಅವರು ನನಗೆ ಡೂ ಎನ್ನುವುದು, ನಾನು ಅವರಿಗೆ ಜೀ ಎನ್ನುವುದು.

ಜಾನೆಟ್ ಮೇಡಂ ಅಂದು ಹೊರಗೆ ನಿಂತು, "ಇದು ನಾನು ನೋಡಿದ ಅತ್ಯಂತ ಒಳ್ಳೆಯ ಕ್ಲಾಸ್" ಎಂದರು. ಕಣ್ಣು ಒದ್ದೆಯಾಗಿತ್ತು. ಆದರೆ ಒದ್ದೆ ಕಣ್ಣಿನಿಂದ ಬೆಂಚು ತುಂಬುವುದಿಲ್ಲ. ಇರುವ ಮಕ್ಕಳು ಪೂರ್ತಿ ಮುಗಿಸಲಿ, ಹೊಸಬರು ಬೇಡ ಎಂದು ತೀರ್ಮಾನವಾಯಿತು. ಅವರ ಮೇಲೆ ನನಗೆ ಸಿಟ್ಟಿಲ್ಲ. ಅವರ ಜಾಗದಲ್ಲಿದ್ದರೆ ನಾನೂ ಬಹುಶಃ ಅದನ್ನೇ ಮಾಡುತ್ತಿದ್ದೆ, ಇಷ್ಟು ಒಳ್ಳೆಯ ಚಹಾ ಕೊಡುತ್ತಿರಲಿಲ್ಲ ಅಷ್ಟೇ.

ಹೀಗೆ ತರಗತಿ ವರ್ಷದಿಂದ ವರ್ಷಕ್ಕೆ ಸಣ್ಣದಾಯಿತು. ಕೊನೆಯ ಗುಂಪಿನಲ್ಲಿ ಅನಘಾ ಇದ್ದಳು. ಅವರೆಲ್ಲ ಕಾಲೇಜಿಗೆ ಹೊರಟ ಜೂನ್‌ನಲ್ಲಿ ನಾನೂ ನಿವೃತ್ತಳಾದೆ. ಅಷ್ಟರಲ್ಲಿ ಕ್ರಾಮರ್ ಕಾರು ಓಡಿಸುವುದನ್ನು ಬಿಟ್ಟಿದ್ದರು, ನಮ್ಮ ಮನೆಯವರೇ ಕರೆತಂದು ಬಿಡುತ್ತಿದ್ದರು. ಕೊನೆಯ ಬುಧವಾರ ಅವರು ಎಲ್ಲರಿಗೂ ಕೈ ಕೊಟ್ಟು, ಏನೂ ವಿಶೇಷ ಹೇಳದೆ, ಟೋಪಿ ಹಾಕಿಕೊಂಡು ಹೋದರು.

ಸೆಪ್ಟೆಂಬರ್ ಬಂತು. ಶಾಲೆಗಳು ಶುರುವಾದವು. ಬುಧವಾರ ಬೆಳಿಗ್ಗೆ ಹಳದಿ ಬಸ್ಸುಗಳು ನಮ್ಮ ಗುಡ್ಡ ಹತ್ತಿ ಹೋದವು. ನಾನು ಅಡುಗೆ ಮುಗಿಸಿ, ಮಾಡಲು ಏನೂ ಇಲ್ಲದೆ ಕೂತೆ. ಇಷ್ಟು ಹೊತ್ತಿಗೆ ಎವರೆಟ್‌ನಲ್ಲಿ ಅವರೂ ಹೀಗೆಯೇ ಕೂತಿರುತ್ತಾರೆ ಎನ್ನಿಸಿತು. ಇಂದಿನಿಂದ ಅವರಿಗೆ ಡೂ ಎನ್ನಲು ಮಕ್ಕಳಿಲ್ಲ. ಇರುವುದು ನಾನೊಬ್ಬಳು, ನಾನೋ ಜೀ ಎನ್ನುವವಳು.

ಫೋನ್ ಮಾಡಿದೆ. ಆ ಕಡೆಯಿಂದ ಇಂಗ್ಲಿಷಿನಲ್ಲಿ "ಹಲೋ" ಎಂದಿತು ದನಿ. ಏನು ಹೇಳಬೇಕೆಂದು ಯೋಚಿಸಿಟ್ಟುಕೊಂಡಿರಲಿಲ್ಲ. ನಮ್ಮ ಕಡೆಯವರು ಯಾರಿಗೇ ಫೋನ್ ಮಾಡಿದರೂ ಮೊದಲು ಕೇಳುವ ಮಾತೇ ಬಾಯಿಗೆ ಬಂತು, ಜರ್ಮನ್‌ನಲ್ಲಿ ಬಂತು. ಜರ್ಮನ್‌ನಲ್ಲಿ ಹಾಗೆ ಯಾರೂ ಮಾತು ಶುರು ಮಾಡುವುದಿಲ್ಲ. "ಹಾಸ್ಟ್ ಡೂ ಶೋನ್ ಗೆಗೆಸನ್?" ನಿನ್ನ ಊಟ ಆಯಿತಾ?

ಆ ಕಡೆಯಿಂದ ಮೂಗು ಒರೆಸಿಕೊಂಡ ಸದ್ದು, ಆಮೇಲೆ ಜರ್ಮನ್‌ನಲ್ಲಿ ನಿಧಾನವಾಗಿ ಒಂದೊಂದೇ ಮಾತು. ಬೇಯಿಸಿದ ಆಲೂಗಡ್ಡೆ, ಒಂದು ಮೊಟ್ಟೆ, ನಿನ್ನೆಯ ಸೂಪು.

"ನಿನ್ನದು ಆಯಿತಾ?" ಎಂದು ಕೇಳಿದ ಡೀಟರ್.